ಬಾಲಂಗೋಚಿಗೆ ವೆಂಕಣ್ಣ ಗೊತ್ತಿರಲಿಲ್ಲ

ಕುರುಗೋಡಿನ ಮರಿಬಸಪ್ಪನವರು ಇಪ್ಪತ್ತಾರು ವರ್ಷ ನಕ್ಷೆ ಬರೆದರು. ಆ ನಕ್ಷೆಗಳಿಂದ ಕಾಲುವೆ, ಒಡ್ಡು, ಮೋರಿಗಳು ಎಷ್ಟೋ ಎದ್ದವು. ಅವುಗಳಲ್ಲಿ ಒಂದನ್ನೂ ಅವರು ಕಣ್ಣಾರೆ ಕಂಡಿರಲಿಲ್ಲ. ಕಾಣಬೇಕೆಂದು ಅನಿಸಿಯೂ ಇರಲಿಲ್ಲ. ಕಾಗದದ ಮೇಲೆ ಸರಿ ಇದ್ದದ್ದು ನೆಲದ ಮೇಲೂ ಸರಿಯೇ ಇರಬೇಕು, ಇಲ್ಲದಿದ್ದರೆ ತಪ್ಪು ನೆಲದ್ದು ಎಂದು ಅವರು ಮನಃಪೂರ್ವಕ ನಂಬಿದ್ದರು.

ದಿನಾ ಬೆಳಿಗ್ಗೆ ಎಂಟರ ಬಸ್ಸಿಗೆ ಕುರುಗೋಡು ಬಿಡುವುದು, ಒಂಬತ್ತೂವರೆಗೆ ಬಳ್ಳಾರಿಯ ಸತ್ಯನಾರಾಯಣಪೇಟೆಯಲ್ಲಿದ್ದ ಖಾಸಗಿ ಎಂಜಿನಿಯರರೊಬ್ಬರ ಕಚೇರಿ ಸೇರುವುದು. ಬಸ್ಸಿನಲ್ಲಿ ಎಷ್ಟೇ ನೂಕುನುಗ್ಗಲಿರಲಿ, ಅವರು ಕಂಬಿ ಹಿಡಿಯುತ್ತಿದ್ದದ್ದು ಎಡಗೈಯಿಂದ ಮಾತ್ರ. ಬಲಗೈಯನ್ನು ಮಡಿಸಿ ಎದೆಗೆ ಒತ್ತಿಕೊಂಡು ನಿಲ್ಲುತ್ತಿದ್ದರು. ಹೊಸಬರು ಮುರಿದ ಕೈಯೆಂದು ತಿಳಿದು ಸೀಟು ಬಿಟ್ಟುಕೊಡುತ್ತಿದ್ದರು, ಅವರು ಬೇಡವೆನ್ನುತ್ತಿರಲಿಲ್ಲ. ಮನೆಯಲ್ಲೂ ಆ ಕೈಗೆ ರಜೆ. ಹೆಂಡತಿ ಚನ್ನವೀರಮ್ಮ ಓಣಿಗೆ ಕೇಳುವಂತೆ ಹೇಳುತ್ತಿದ್ದರು:

"ಈ ಮನಶ್ಯಾ ಬಲಗೈಲೆ ಒಂದು ಕೊಡ ನೀರು ಸೇದಂಗಿಲ್ಲ. ಕೈ ಅಲುಗಿದ್ರ ಗೆರಿ ಅಲುಗ್ತೈತಂತ. ಗೆರಿ ಅಲುಗಿದ್ರ ಡ್ಯಾಮ್ ಬೀಳ್ತೈತಂತ!"

ಡ್ಯಾಮು ಅವರು ಎಂದೂ ಬರೆದಿರಲಿಲ್ಲ. ಆದರೆ ಆ ಮಾತನ್ನು ತಿದ್ದಲೂ ಹೋಗಿರಲಿಲ್ಲ.

ಕಚೇರಿಯ ಇನ್ನೊಂದು ಕಾಲು ಅಳತೆಯ ವೆಂಕಣ್ಣ. ಬಯಲಿಗೆ ಹೋಗಿ ಅಳೆದು ಪುಸ್ತಕದಲ್ಲಿ ಬರೆದು ತರುವವನು ಅವನು. ಆ ಪುಸ್ತಕ ನೋಡಿ ನಕ್ಷೆ ಎಳೆಯುವವರು ಇವರು. ಹಳ್ಳವಾಗಲಿ ಕಾಲುವೆಯಾಗಲಿ, ನೀರು ಹರಿಯುವ ದಿಕ್ಕಿಗೆ ಮುಖ ಮಾಡಿ ನಿಂತು ಎಡದಂಡೆ ಬಲದಂಡೆ ಎನ್ನಬೇಕು. ಅದು ಕಚೇರಿಯ ಪದ್ಧತಿ, ಲೋಕದ ಪದ್ಧತಿಯೂ ಹೌದು. ವೆಂಕಣ್ಣನದು ಮಾತ್ರ ಬೇರೆ. ಸಿರುಗುಪ್ಪದಲ್ಲಿ ಅವನ ಅಕ್ಕನ ಮನೆ ಇತ್ತು. ಆ ಕಡೆ ಯಾವ ಹಳ್ಳ ಅಳೆಯುವುದಿದ್ದರೂ ಹಿಂದಿನ ದಿನವೇ ಹೋಗಿ ಉಳಿದು, ಬೆಳಿಗ್ಗೆ ಅಕ್ಕನ ಕೈಯ ಮಂಡಕ್ಕಿ ಒಗ್ಗಾಣಿ, ಮೆಣಸಿನಕಾಯಿ ಬಜ್ಜಿ ತಿಂದು, ಹಳ್ಳದ ಬಾಲದಿಂದ ಶುರು ಮಾಡುತ್ತಿದ್ದ. ಅಲ್ಲಿಂದ ತಲೆಯ ಕಡೆಗೆ ಅಳೆಯುತ್ತ ಬಂದು ತೆಕ್ಕಲಕೋಟೆಯ ಹತ್ತಿರ ರಸ್ತೆ ಹತ್ತಿ ಬಳ್ಳಾರಿ ಬಸ್ಸು ಹಿಡಿಯುತ್ತಿದ್ದ. ಅಂದರೆ ಜೀವಮಾನವಿಡೀ ನೀರಿಗೆ ಎದುರಾಗಿ ನಡೆದ. ಅವನ ಪುಸ್ತಕದ ಎಡವು ನೀರಿನ ಬಲ, ಅವನ ಬಲವು ನೀರಿನ ಎಡ.

ಕಚೇರಿ ಕಟ್ಟಿದ ಹಿರಿಯ ಯಜಮಾನರು ಒಮ್ಮೆ ಗದರಿದ್ದುಂಟು. "ಲೇ ವೆಂಕಣ್ಣ, ತಲಿಯಿಂದ ಶುರು ಮಾಡಾಕ ಏನು ರೋಗ ನಿನಗ?"

"ತಲಿ ಹತ್ರ ಒಗ್ಗಾಣಿ ಯಾರು ಇಟ್ಕೊಂಡು ಕುಂತಾರ್ರಿ ಯಜಮಾನ್ರ?"

ಆ ಪ್ರಶ್ನೆಗೆ ಎಂಜಿನಿಯರಿಂಗಿನಲ್ಲಿ ಉತ್ತರವಿರಲಿಲ್ಲ. ಉಪಾಯ ಕಂಡುಕೊಂಡವರು ಮರಿಬಸಪ್ಪ. ವೆಂಕಣ್ಣನ ಪುಸ್ತಕದಲ್ಲಿ ಹೇಗಿದೆಯೋ ಹಾಗೆಯೇ ತೆಳು ಕಾಗದದ ಮೇಲೆ ಪೆನ್ಸಿಲಿನಿಂದ ಎಳೆಯುವುದು. ಆಮೇಲೆ ಕಾಗದವನ್ನು ದೋಸೆಯ ಹಾಗೆ ಮಗುಚಿ ಹಾಕಿ, ಅದರ ಮೇಲೆ ಟ್ರೇಸಿಂಗ್ ಬಟ್ಟೆ ಹಾಸಿ ಶಾಯಿಯಲ್ಲಿ ತಿದ್ದುವುದು. ಎಡ ಬಲಕ್ಕೆ ಬಂತು, ಬಲ ಎಡಕ್ಕೆ ಬಂತು, ನೀರು ತನ್ನ ದಾರಿ ಹಿಡಿಯಿತು. ಇದನ್ನು ಅವರು ಯೋಚಿಸಿ ಮಾಡುತ್ತಿರಲಿಲ್ಲ. ವೆಂಕಣ್ಣನ ಕೋಳಿಕಾಲಿನ ಅಕ್ಷರ ಕಂಡರೆ ಸಾಕು, ಕೈ ತಾನಾಗಿ ಹಾಳೆ ಮಗುಚುತ್ತಿತ್ತು. ಯಾವ ರಿಜಿಸ್ಟರಿನಲ್ಲೂ ಈ ನಿಯಮ ಬರೆದಿರಲಿಲ್ಲ. ಬರೆಯುವ ಮಾತು ಯಾರಿಗೂ ಹೊಳೆಯಲಿಲ್ಲ, ಏಕೆಂದರೆ ಆ ಕೈ ಎಲ್ಲಿಗೂ ಹೋಗುವಂತಿರಲಿಲ್ಲ.

ಹಿರಿಯ ಯಜಮಾನರು ತೀರಿಕೊಂಡರು. ಮಗ ಚಿದಾನಂದಪ್ಪನವರು ಗಾದಿಗೆ ಬಂದರು. ಎಂಬತ್ತಾರರ ದೀಪಾವಳಿಗೆ ಕಚೇರಿಗೆ ಕಂಪ್ಯೂಟರ್ ಬಂತು.

ಬರುವ ಮೊದಲೇ ಅದರ ಪ್ರತಾಪ ಶುರುವಾಗಿತ್ತು. ಹೊರಗಿನ ಬೋರ್ಡಿಗೆ ಹೊಸ ಬಣ್ಣ ಬಿತ್ತು. 'ಕಂಪ್ಯೂಟರ್' ಎಂಬುದು ಎರಡಡಿ, ಚಿದಾನಂದಪ್ಪನವರ ಹೆಸರು ಒಂದಡಿ, ತಂದೆಯ ಹೆಸರು ಚೌಕಟ್ಟಿನ ಒಳಗೆ ಎಲ್ಲೋ ಒಂದು ಕಡೆ. ಅದನ್ನಿಟ್ಟ ಕೋಣೆಗೆ ತಣ್ಣನೆ ಗಾಳಿಯ ಯಂತ್ರ, ಬಾಗಿಲಲ್ಲಿ 'ಪಾದರಕ್ಷೆ ಹೊರಗೆ ಬಿಡಿ' ಎಂಬ ಫಲಕ. ಪೂಜೆಗೆ ಬಂದ ಅಯ್ಯನವರು ಕೀಲಿಮಣೆಗೆ ಕುಂಕುಮ ಹಚ್ಚಿದ್ದರಿಂದ ಒಂದು ಗುಂಡಿ ಮೂರು ತಿಂಗಳು ಅಂಟಿಕೊಳ್ಳುತ್ತಿತ್ತು. ಬಂದ ಅತಿಥಿಗಳಿಗೆಲ್ಲ ಚಿದಾನಂದಪ್ಪನವರು, "ಇದು ಮನಶ್ಯಾರಂಗ ಅಲ್ಲ ನೋಡ್ರಿ, ತಪ್ಪು ಮಾಡಾಕ ಇದಕ್ಕ ಬರಂಗೇ ಇಲ್ಲ," ಎನ್ನುತ್ತಿದ್ದರು. ಆ ಮಾತು ಹೇಳುವಾಗ ಮರಿಬಸಪ್ಪನವರ ಕಡೆ ಯಾಕೆ ಕೈ ತೋರಿಸುತ್ತಿದ್ದರೋ ಗೊತ್ತಿಲ್ಲ.

ಅದರೊಳಗೆ ಗೆರೆ ಎಳೆಯುವ ಒಂದು ಪ್ರೋಗ್ರಾಮು ಇತ್ತು. ಪಾಪ, ಅದಕ್ಕೆ ಗೆರೆ ಗೊತ್ತು, ವೃತ್ತ ಗೊತ್ತು; ಹಳ್ಳ, ಒಡ್ಡು, ಮಣ್ಣು ಇವೇನೂ ಗೊತ್ತಿಲ್ಲ. ಅದಕ್ಕೆ ಬುದ್ಧಿ ಹೇಳಲೆಂದು ಹೈದರಾಬಾದಿನಿಂದ ಎರಡು ಫ್ಲಾಪಿಗಳಲ್ಲಿ ಇನ್ನೊಂದು ಪ್ರೋಗ್ರಾಮು ತರಿಸಿದರು. ಅದು ತಾನಾಗಿ ನಿಲ್ಲುವಂಥದ್ದಲ್ಲ. ದೊಡ್ಡ ಪ್ರೋಗ್ರಾಮಿನ ಬೆನ್ನಿಗೆ ತಗುಲಿಕೊಂಡೇ ಕೆಲಸ ಮಾಡಬೇಕು. ಅದಕ್ಕೊಂದು ಉದ್ದನೆಯ ಇಂಗ್ಲಿಷ್ ಹೆಸರಿತ್ತು. ಮರಿಬಸಪ್ಪ ಅದಕ್ಕೆ ಬಾಲಂಗೋಚಿ ಎಂದು ಹೆಸರಿಟ್ಟರು. ಗಾಳಿಪಟದ ಹಿಂದೆ ಕಟ್ಟುವ ಬಟ್ಟೆಚೂರು ಇಲ್ಲದಿದ್ದರೆ ಪಟ ಲಾಗ ಹಾಕಿ ಬೀಳುತ್ತದಲ್ಲ, ಹಾಗೆ.

"ಮುಂದಿನ ತಿಂಗಳಿಂದ ಡ್ರಾಯಿಂಗ್ ಬೋರ್ಡ್ ಇರಂಗಿಲ್ಲ ಮರಿಬಸಪ್ಪ," ಎಂದರು ಚಿದಾನಂದಪ್ಪ. "ಕಲ್ತ್ರ ಕಲೀರಿ. ಇಲ್ಲಂದ್ರ ನಿಮ್ಮ ಇಷ್ಟ."

ನಲವತ್ತೆಂಟನೆಯ ವಯಸ್ಸಿಗೆ ಮರಿಬಸಪ್ಪ ಅಕ್ಷರಾಭ್ಯಾಸಕ್ಕೆ ಕುಳಿತರು. ಕೀಲಿಮಣೆಯಲ್ಲಿ ಅಕ್ಷರಗಳು ಜಾತ್ರೆಯಲ್ಲಿ ತಪ್ಪಿಸಿಕೊಂಡ ಮಕ್ಕಳ ಹಾಗೆ ಎಲ್ಲೆಲ್ಲೋ ಇದ್ದವು. ಅದುವರೆಗೆ ಐದು ಬೆರಳಿನಲ್ಲಿ ಪೆನ್ನು ಹಿಡಿದಿದ್ದ ಆ ಪ್ರಸಿದ್ಧ ಬಲಗೈಯಲ್ಲಿ ಈಗ ಒಂದೇ ಬೆರಳಿಗೆ ಕೆಲಸ. ವಾರದಲ್ಲಿ ನಾಲ್ಕು ಸಲ ಕರೆಂಟು ಹೋಗಿ ಬೆಳಗಿನಿಂದ ಒತ್ತಿದ್ದೆಲ್ಲ ಮಾಯವಾಗುತ್ತಿತ್ತು. ಒಂದು ದಿನ ಹಾಗೆ ಹೋದಾಗ ಅವರು ಕಪ್ಪು ಪರದೆಯಲ್ಲಿ ಕಂಡ ತಮ್ಮ ಮುಖವನ್ನೇ ನೋಡುತ್ತ ಅರ್ಧಗಂಟೆ ಕೂತಿದ್ದರಂತೆ.

ಆದರೆ ಕಲಿತರು. ಕಲಿತ ಮೇಲೆ ಬಾಲಂಗೋಚಿಯ ಬಗ್ಗೆ ಒಂದು ಬಗೆಯ ಭಕ್ತಿಯೂ ಹುಟ್ಟಿತು. ಯಾಕೆ ಹುಟ್ಟಬಾರದು? ಒಡ್ಡಿಗೆ ಎಷ್ಟು ಮಣ್ಣು ಬೇಕೆಂದು ಲೆಕ್ಕ ಹಾಕಲು ಅವರಿಗೆ ಒಂಬತ್ತು ದಿನ ಹಿಡಿಯುತ್ತಿತ್ತು; ಅದು ಹರಟೆ ಹೊಡೆಯುವಷ್ಟು ಹೊತ್ತಿನಲ್ಲಿ ಹಾಕಿ ಕೊಡುತ್ತಿತ್ತು. ಅವರು ಎರಡು ಸಲ ಕೂಡಿ ನೋಡಿದರು, ಎರಡೂ ಸಲ ಅವರದೇ ತಪ್ಪಿತ್ತು. ಒಂದು ಎತ್ತರ ಬದಲಿಸಿದರೆ ಇಡೀ ಹಾಳೆಯನ್ನು ಬೇಸರಿಸದೆ ಹೊಸದಾಗಿ ಎಳೆಯುತ್ತಿತ್ತು. ಒಡ್ಡಿನ ಇಳಿಜಾರು ಕಡಿದಾದರೆ ಕೀಂ ಎಂದು ಕೂಗಿ ಎಚ್ಚರಿಸುತ್ತಿತ್ತು. ಹುಳುಕು ಇರಲಿಲ್ಲವೆಂದಲ್ಲ. ಹಳ್ಳವನ್ನು ಅಡ್ಡ ಕೊಯ್ದಂತೆ ತೋರಿಸುವ ಒಂದೊಂದು ಚಿತ್ರಕ್ಕೆ ಅರವತ್ತು ಅಳತೆ ಕೊಡಬಹುದು. ಅರವತ್ತೊಂದನೆಯದನ್ನು ಸದ್ದಿಲ್ಲದೆ ನುಂಗುತ್ತಿತ್ತು. ಷರಾ ಬರೆಯಲು ಎಂಟು ಅಕ್ಷರದ ಜಾಗ, ಅದೂ ಇಂಗ್ಲಿಷಿನಲ್ಲಿ. ಮರ, ಗುಡಿಸಲು, ಗುಡಿ, ಬಾವಿ ಯಾವುದನ್ನೂ ತೋರಿಸುವ ಏರ್ಪಾಡಿರಲಿಲ್ಲ. ಅದರ ಲೋಕದಲ್ಲಿ ನೆಲ ಉಂಟು, ನೀರು ಉಂಟು, ಜನ ಇಲ್ಲ.

ಎಂಬತ್ತೇಳರ ಜನವರಿಯಲ್ಲಿ ವೆಂಕಣ್ಣ ಮೂರು ದಿನದ ಜ್ವರದಲ್ಲಿ ಹೋಗಿಬಿಟ್ಟ. ಅವನ ಕೊನೆಯ ಪುಸ್ತಕ ಚಿಗರಿ ಹಳ್ಳದ್ದು. ಸಿರುಗುಪ್ಪದ ಈಚೆ ಆ ಹಳ್ಳದ ಎಡದಂಡೆಗೆ ಹುಣಸೆಮರದ ಕೇರಿ ಎಂಬ ನಲವತ್ತಮೂರು ಮನೆಗಳ ಕೇರಿ. ಮಳೆಗಾಲದಲ್ಲಿ ಹಳ್ಳ ಉಕ್ಕಿದರೆ ಅಂಗಳಕ್ಕೆ ನೀರು. ಕೇರಿಯ ಕಡೆಗೆ ಒಂದು ಒಡ್ಡು ಹಾಕಬೇಕೆಂದು ಇಲಾಖೆ ತೀರ್ಮಾನಿಸಿ, ನಕ್ಷೆಯ ಕೆಲಸವನ್ನು ಚಿದಾನಂದಪ್ಪನವರಿಗೆ ಕೊಟ್ಟಿತ್ತು. ಕಂಪ್ಯೂಟರಿನಿಂದ ಹೊರಬರುವ ಮೊದಲ ನಕ್ಷೆ ಅದೇ.

ಮರಿಬಸಪ್ಪ ವೆಂಕಣ್ಣನ ಪುಸ್ತಕವನ್ನು ಕಣ್ಣಿಗೊತ್ತಿಕೊಂಡು, ಪಕ್ಕದಲ್ಲಿಟ್ಟು, ಒಂದು ಬೆರಳಿನಲ್ಲಿ ಒತ್ತತೊಡಗಿದರು. ಬಾಲಂಗೋಚಿ ಕೀಂ ಎಂದು ಕೂಗಿತು. ನೀರು ಇಳಿಯುತ್ತ ಹೋಗಬೇಕು, ಇಲ್ಲಿ ಹಳ್ಳದ ತಳ ಏರುತ್ತ ಹೋಗುತ್ತಿದೆಯಲ್ಲ ಎಂದು ಅದರ ತಕರಾರು. ಹೌದಲ್ಲ, ವೆಂಕಣ್ಣ ಬಾಲದಿಂದ ಶುರು ಮಾಡಿದ್ದಾನೆ ಎಂದು ನಕ್ಕು, ಪುಸ್ತಕದ ಕೊನೆಯ ಪುಟದಿಂದ ಹಿಂದಕ್ಕೆ ಒತ್ತುತ್ತ ಬಂದರು. ಈಗ ಅದು ತೆಪ್ಪಗಾಯಿತು. ಒಡ್ಡು ಯಾವ ಕಡೆ ಎಂದು ಕೇಳಿತು. ಪುಸ್ತಕ ನೋಡಿದರು. ವೆಂಕಣ್ಣ ತನ್ನ ತೆಲುಗು ಬೆರೆತ ಕೈಯಲ್ಲಿ 'ಹುಣಸಿಮರ, ಗುಡಿಸೆಲು' ಎಂದು ಬಲಗಡೆಯ ಅಂಕಣದಲ್ಲಿ ಬರೆದಿದ್ದ. ಬಲ ಎಂದು ಒತ್ತಿದರು. ಬಾಲಂಗೋಚಿ ಒಪ್ಪಿಕೊಂಡಿತು.

ಬೋರ್ಡಿನ ಮುಂದೆ ಕೂತಿದ್ದರೆ ಇಷ್ಟು ಹೊತ್ತಿಗೆ ಕೈ ಹಾಳೆಯನ್ನು ಮಗುಚಿರುತ್ತಿತ್ತು. ಕಂಪ್ಯೂಟರಿನ ಪರದೆಗೆ ಹಿಂಬದಿ ಇಲ್ಲ. ತಪ್ಪಿದ್ದರೆ ಕೂಗುತ್ತಿತ್ತು, ಕೂಗಲಿಲ್ಲ, ಆದ್ದರಿಂದ ಸರಿ ಎಂದು ಮರಿಬಸಪ್ಪ ತಿಳಿದರು. ಮೊದಲ ತಪ್ಪನ್ನು ಹಿಡಿದ ಯಂತ್ರದ ಮೇಲೆ ಎರಡನೆಯ ತಪ್ಪಿನ ಕಾವಲನ್ನೂ ಬಿಟ್ಟರು. ಅದಕ್ಕಾದರೋ ವೆಂಕಣ್ಣ ಗೊತ್ತಿರಲಿಲ್ಲ, ಅವನ ಅಕ್ಕನ ಒಗ್ಗಾಣಿ ಗೊತ್ತಿರಲಿಲ್ಲ.

ಹಾಳೆಗಳು ಕರಕರ ಸದ್ದು ಮಾಡುತ್ತ ಹೊರಬಂದವು. ಒಂದೊಂದು ಅಕ್ಷರವೂ ಒಂದೇ ಅಳತೆ. ಮಣ್ಣಿನ ಲೆಕ್ಕವನ್ನು ಇಲಾಖೆಯವರು ಕೈಯಿಂದ ಹಾಕಿ ನೋಡಿದರು, ಕೂದಲಷ್ಟೂ ವ್ಯತ್ಯಾಸವಿಲ್ಲ. ಎಲ್ಲರೂ ಸಹಿ ಮಾಡಿದರು. ಚಿದಾನಂದಪ್ಪನವರು ಸಹಿಯ ಕೆಳಗೆ ಹೊಸ ರಬ್ಬರ್ ಸ್ಟಾಂಪು ಒತ್ತಿದರು: ಕಂಪ್ಯೂಟರಿನಿಂದ ಪರಿಶೀಲಿಸಲಾಗಿದೆ.

ಮೇ ತಿಂಗಳ ಕೊನೆಯ ವಾರ ಸಿರುಗುಪ್ಪದ ಬಸ್ಸಿನಿಂದ ಒಬ್ಬ ಹೆಂಗಸು ಇಳಿದು ವಿಚಾರಿಸುತ್ತ ಕಚೇರಿಗೆ ಬಂದಳು. ಹುಣಸೆಮರದ ಕೇರಿಯ ಊರಮ್ಮ. ಐವತ್ತರ ಆಸುಪಾಸು, ಗಟ್ಟಿ ಆಳು. ಚಪ್ಪಲಿ ಹೊರಗೆ ಬಿಡಿ ಎಂಬ ಫಲಕದ ಅಗತ್ಯವೇ ಆಕೆಗೆ ಬೀಳಲಿಲ್ಲ. ಚಿದಾನಂದಪ್ಪ ಊಟಕ್ಕೆ ಹೋಗಿದ್ದರು.

"ವೆಂಕಣ್ಣ ಅದಾನೇನ್ರಿ?"

"ವೆಂಕಣ್ಣ ತೀರಿಕೊಂಡ್ನಲ್ಲವ್ವ. ಜನವರ್ಯಾಗ."

ಆಕೆ ಬಾಗಿಲ ಚೌಕಟ್ಟು ಹಿಡಿದಳು. "ಹಂಗಾರ ಯಾರನ್ನ ಕೇಳ್ಲಿ? ನಮ್ಮ ಮನಿ ಮುಂದ ಕುಂತು ಎರಡು ಗಡಿಗಿ ಮಜ್ಜಿಗಿ ಕುಡದು ಹೋಗಿದ್ದ. 'ಬರೋ ವರ್ಸ ಇದಾ ಹುಣಸಿಮರದ ಬುಡಕ ಒಡ್ಡು ಬರ್ತೈತಿ ಊರಮ್ಮ, ನಿಶ್ಚಿಂತಿ ಮಲಕ್ಕ' ಅಂದಿದ್ದ. ಒಡ್ಡು ಬಂತು. ಆದ್ರ ಆ ಕಡಿ ದಂಡಿಗೆ ಬಂತು. ಗೌಡ್ರ ಹೊಲದ ಕಡಿ. ಮುಕ್ಕಾಲು ಮುಗದೈತಿ."

"ಆ ಕಡಿ ಹೆಂಗ ಆಗ್ತೈತವ್ವ? ನಾನಾ ಬರದೀನಿ ನಕ್ಷಿ. ಕೇರಿ ಕಡೀಗೇ ಐತಿ."

"ನಕ್ಷಿಯಾಗ ಇರಬೌದು," ಎಂದಳು ಊರಮ್ಮ. "ನಾವು ನಕ್ಷಿಯಾಗ ಇಲ್ಲಲ್ರಿ, ಹಳ್ಳದ ಮ್ಯಾಲಿದೀವಿ."

"ಮತ್ತ ಇಷ್ಟು ದಿನ ಯಾಕ ಬರಲಿಲ್ಲ?"

"ದೊಡ್ಡೋರು ಮಾಡಿಸ್ಕೊಂಡಾರ ಅನ್ಕೊಂಡ್ವಿ. ಮಾಡಿಸ್ಕೊಳ್ಳೋದು ಹೊಸಾದೇನ್ರಿ? ವೆಂಕಣ್ಣ ಒಬ್ಬ ಸುಳ್ಳು ಹೇಳೋ ಮನಶ್ಯಾ ಅಲ್ಲ, ಅದಕ್ಕ ಕೇಳಿ ಹೋಗಾಣಂತ ಬಂದೆ."

ಮರಿಬಸಪ್ಪ ಕಪಾಟಿನಿಂದ ವೆಂಕಣ್ಣನ ಪುಸ್ತಕ ತೆಗೆದರು. ಮೊದಲ ಪುಟದಲ್ಲಿ ಆ ಕೋಳಿಕಾಲಿನ ಅಕ್ಷರ ಕಂಡಿತು. ಬಲಗೈ ತಾನಾಗಿ ಮೇಲೆದ್ದಿತು, ಗಾಳಿಯಲ್ಲಿ ಏನನ್ನೋ ಮಗುಚಿತು. ಅಲ್ಲಿ ಮಗುಚಲು ಏನೂ ಇರಲಿಲ್ಲ. ಅವರು ಕುರ್ಚಿ ಹಿಡಿದುಕೊಂಡು ಕುಳಿತರು.

"ಏನಾತ್ರಿ?" ಎಂದಳು ಊರಮ್ಮ.

"ನೀ ಊರಿಗೆ ಹೋಗವ್ವ. ನಾನು ಮಾತಾಡ್ತೀನಿ," ಎಂದರು. ಬೇರೆ ಏನನ್ನೂ ಹೇಳುವ ಧೈರ್ಯ ಬರಲಿಲ್ಲ.

ಚಿದಾನಂದಪ್ಪನವರು ಎಲೆಅಡಿಕೆ ಹಾಕಿಕೊಂಡು ಬಂದಾಗ ಮರಿಬಸಪ್ಪ ಕಂಪ್ಯೂಟರಿನ ಹಾಳೆಯನ್ನು ಕಿಟಕಿಯ ಬೆಳಕಿಗೆ ಹಿಡಿದು ನಿಂತಿದ್ದರು. ಹಿಂಬದಿಯಿಂದ.

"ಇಲ್ಲಿಂದ ನೋಡ್ರಿ ಸರ. ಇದು ಸರಿ ಇರೋ ನಕ್ಷಿ. ಆ ಕಡಿಯಿಂದ ನೋಡಿದ್ದು ನಾವು ಕಳಿಸಿದ್ದು."

ವೆಂಕಣ್ಣನ ಕಥೆಯೆಲ್ಲ ಕೇಳುವಷ್ಟರಲ್ಲಿ ಚಿದಾನಂದಪ್ಪನವರ ಬಾಯಿ ಅಗಿಯುವುದನ್ನು ನಿಲ್ಲಿಸಿತು. ಎಂಜಿನಿಯರ್ ಆಗಿದ್ದರಿಂದ ತಿಳಿಯಿತು, ಬೇಗನೆಯೇ ತಿಳಿಯಿತು. ಎದ್ದು ಹೋಗಿ ಬಾಗಿಲು ಹಾಕಿ ಬಂದರು.

"ಯಾರಿಗಾರ ಹೇಳೀರೇನು?"

"ಇಲ್ಲರಿ."

"ಬರೋ ತಿಂಗಳ ಇಪ್ಪತ್ತಕ್ಕ ಬೆಂಗಳೂರಿಂದ ದೊಡ್ಡ ದೊಡ್ಡೋರು ಬರಾಕತ್ತಾರ. ಕಂಪ್ಯೂಟರ್ ನೋಡಾಕ. ಈಗ ಹೋಗಿ ಕಂಪ್ಯೂಟರ್ ಒಡ್ಡು ತಿರುವಿ ಇಟ್ಟೈತಿ ಅನ್ಲಾ?"

"ಅದು ತಪ್ಪು ಮಾಡಿಲ್ಲರಿ. ತಪ್ಪು ನಂದು. ನನ್ನ ಹೆಸರು ಬರದಾ ಪತ್ರ ಕಳಿಸ್ರಿ."

"ನಿಮ್ಮ ಹೆಸರು ಯಾರಿಗೆ ಗೊತ್ತೈತಿ ಮರಿಬಸಪ್ಪ? ಬೋರ್ಡಿನ ಮ್ಯಾಲೆ ಇರೋದು ಕಂಪ್ಯೂಟರ್, ಅದರ ಕೆಳಗ ನಾನು." ಸ್ವಲ್ಪ ದನಿ ಇಳಿಸಿದರು. "ಮಳಿಗಾಲ ಮುಗೀಲಿ. ಎರಡನೇ ಹಂತ ಅಂತ ಹೇಳಿ ಈ ಕಡೀಗೂ ಒಂದು ಒಡ್ಡು ಹಾಕಸೋಣು. ಯಾರಿಗೂ ಲುಕ್ಸಾನಿಲ್ಲ."

"ಮಳಿಗಾಲ ಮುಗಿಯೋತನಕ ಆ ಮಂದಿ?"

"ಇಷ್ಟು ವರ್ಸ ಹೆಂಗಿದ್ರು?"

"ಇಷ್ಟು ವರ್ಸ ನೀರು ಎರಡೂ ಕಡಿ ಹಂಚಿಕೊಂಡು ಹೋಗತಿತ್ರಿ. ಅರ್ಧ ಹೊಲಕ್ಕ, ಅರ್ಧ ಕೇರಿಗೆ. ಈಗ ಹೊಲದ ಬಾಗಿಲು ನಾವು ಹಾಕೀವಿ. ಎಲ್ಲಾ ಕೇರಿಗೆ ಬರ್ತೈತಿ."

ಚಿದಾನಂದಪ್ಪ ಕೆಟ್ಟವರಲ್ಲ. ಸೋಮವಾರ ಪತ್ರ ಬರೆಯುತ್ತೇನೆ ಎಂದರು. ಸೋಮವಾರ ಬಂದಾಗ, ಪತ್ರದ ಒಕ್ಕಣೆ ಹೇಗಿರಬೇಕೆಂದು ಯೋಚಿಸುತ್ತಿದ್ದೇನೆ ಎಂದರು. ಬುಧವಾರ, ಟೈಪಿಸ್ಟ್ ರಜೆ ಎಂದರು.

ಇಷ್ಟರಲ್ಲಿ ಮರಿಬಸಪ್ಪ ಮನೆಯ ಅಟ್ಟದಿಂದ ಬಚ್ಚಿಟ್ಟಿದ್ದ ಟ್ರೇಸಿಂಗ್ ಬಟ್ಟೆಯ ಕೊನೆಯ ಸುರುಳಿಯನ್ನು ಇಳಿಸಿದ್ದರು. ನೂಲಿನ ಬಟ್ಟೆಗೆ ಗಂಜಿ ಹಾಕಿ ಗಾಜಿನ ಹಾಗೆ ನುಣುಪು ಮಾಡಿದ ಆ ಬಟ್ಟೆ ಈಗ ಎಲ್ಲೂ ಸಿಗುವುದಿಲ್ಲ. ಎರಡು ದಿನ ರಜೆ ಹಾಕಿ, ಅಡುಗೆಮನೆಯ ಬಾಗಿಲು ಕಳಚಿ ಬೋರ್ಡು ಮಾಡಿಕೊಂಡು, ಚಿಗರಿ ಹಳ್ಳವನ್ನು ಕೈಯಿಂದ ಬರೆದರು. ಪೆನ್ಸಿಲಿನಲ್ಲಿ ಎಳೆದರು, ಮಗುಚಿದರು, ಶಾಯಿಯಲ್ಲಿ ತಿದ್ದಿದರು. ಹುಣಸೆಮರ ಬರೆದರು. ನಲವತ್ತಮೂರು ಮನೆಗಳನ್ನೂ ಒಂದೊಂದಾಗಿ ಬರೆದರು. ಹೊಸ ಒಡ್ಡನ್ನು ಎರಡು ಕಡೆ ಕಡಿಯಬೇಕಾದ ಜಾಗಕ್ಕೆ ಕೆಂಪು ಶಾಯಿಯಲ್ಲಿ ಗುರುತು ಹಾಕಿದರು. ಈ ಮಳೆಗಾಲಕ್ಕೆ ಅಷ್ಟು ಮಾಡಿದರೆ ಸಾಕು. ನೀರು ಮೊದಲಿನಂತೆ ಹಂಚಿಕೊಂಡು ಹೋಗುತ್ತದೆ.

"ಬಾಗಿಲು ಹಾಕಿ ಹೋಗ್ರಿ, ಬೆಕ್ಕು ಹಾಲು ಕುಡೀತೈತಿ," ಎಂದರು ಚನ್ನವೀರಮ್ಮ. ಗಂಡನ ಮುಖ ನೋಡಿ, "ಇರಲಿ ಬಿಡ್ರಿ, ಕುಡೀಲಿ," ಎಂದರು.

ಜೂನ್ ಮೊದಲ ಗುರುವಾರ ಅವರು ಜೀವಮಾನದಲ್ಲಿ ಮೊದಲ ಸಲ ತಾವು ಬರೆದ ಕಾಮಗಾರಿಯನ್ನು ನೋಡಲು ಹೊರಟರು. ಬಸ್ಸಿನಲ್ಲಿ ಬಲಗೈಯಿಂದಲೇ ಕಂಬಿ ಹಿಡಿದಿದ್ದರು. ಎಡಗೈಯಲ್ಲಿ ನಕ್ಷೆ ಇತ್ತು.

ಒಡ್ಡು ಭವ್ಯವಾಗಿತ್ತು. ಇಷ್ಟು ವರ್ಷ ಅಂಗೈಯಗಲ ಬರೆದದ್ದು ಎರಡಾಳೆತ್ತರ ಎದ್ದು ನಿಂತಿತ್ತು. ಇಳಿಜಾರು ಬಾಲಂಗೋಚಿ ಹೇಳಿದಂತೆಯೇ, ನೆತ್ತಿ ದಾರ ಹಿಡಿದಂತೆ. ಹಳ್ಳದ ಈಚೆ ಬೋಳು ದಂಡೆ, ಹುಣಸೆಮರ, ಗುಡಿಸಲುಗಳು. ಮೇಸ್ತ್ರಿ ಮಾರೆಣ್ಣ ಒಡ್ಡಿನ ತುದಿಯಲ್ಲಿ ಹಲಗೆಯಿಂದ ಮಣ್ಣು ಬಡಿಸುತ್ತಿದ್ದ. ಮರಿಬಸಪ್ಪ ಹಳ್ಳ ದಾಟಿ ಹೋಗಿ, ಬಟ್ಟೆ ಬಿಡಿಸಿ ಹಿಡಿದು ಎಲ್ಲ ಹೇಳಿದರು.

ಮಾರೆಣ್ಣ ನಕ್ಷೆಯನ್ನು ಬಹಳ ಹೊತ್ತು ನೋಡಿದ. "ಏನು ಕೈಯ್ರಿ ಇದು! ಅಕ್ಷರ ಮುತ್ತು ಜೋಡಿಸಿದಂಗ ಅದಾವು. ಸಹಿ ಎಲ್ಲೈತ್ರಿ?"

"ಇಲ್ಲಿ ಮೂಲ್ಯಾಗ ಐತಲ್ಲ. ಬರೆದವರು, ಮ. ಬ."

"ಮ. ಬ. ಅಂದ್ರ ಯಾರ್ರಿ?"

"ನಾನು. ಮರಿಬಸಪ್ಪ. ಇಪ್ಪತ್ತಾರು ವರ್ಸದ ನಕ್ಷಿ ಎಲ್ಲಾ ನಂದಾ."

"ಇರಬೌದ್ರಿ," ಎಂದ ಮಾರೆಣ್ಣ, ಮರ್ಯಾದೆಯಿಂದಲೇ. "ನಾನೂ ಇಪ್ಪತ್ತು ವರ್ಸ ಒಡ್ಡು ಹಾಕೀನಿ. ಮೂಲ್ಯಾಗಿನ ಹೆಸರು ಒಂದಿನಾನೂ ಓದಿಲ್ಲ ನೋಡ್ರಿ. ಸಹಿ ಇಲ್ದ ಒಂದು ಪುಟ್ಟಿ ಮಣ್ಣು ತಗದ್ರ ನನ್ನ ಕೆಲಸ ಹೋಗ್ತೈತಿ."

ಕೈಯಿಂದ ಬರೆದದ್ದೊಂದು ಕಾಮಗಾರಿಗೆ ಬಂದಿದೆ ಎಂದು ಕೇಳಿ ಹಾಲಸಿದ್ದಪ್ಪ ಗೌಡರು ಹೊಲದಿಂದ ಬಂದರು. ಬಿಳಿ ಮೀಸೆ, ಮೆದು ಮಾತು. ಮರಿಬಸಪ್ಪನವರಿಗೆ ಚಹಾ ತರಿಸಿದರು.

"ನಾನು ಯಾರಿಗೂ ಒಂದು ಅರ್ಜಿ ಕೊಟ್ಟಿಲ್ಲರಿ, ಒಂದು ಮಾತು ಆಡಿಲ್ಲ. ತಾನಾಗಿ ಬಂದೈತಿ. ದೇವರು ಕೊಟ್ಟದ್ದನ್ನ ಕಡೀರಿ ಅಂತ ನಾ ಹೆಂಗ ಹೇಳ್ಲಿ?"

"ದೇವರು ಕೊಟ್ಟಿಲ್ಲರಿ ಗೌಡ್ರ, ನಾನು ಕೊಟ್ಟೀನಿ. ತಪ್ಪಾಗಿ."

ಗೌಡರು ಅವರನ್ನು ತಲೆಯಿಂದ ಕಾಲಿನವರೆಗೆ ನೋಡಿದರು. ಹರಿದ ಕಾಲರು, ಬೆರಳಿಗೆ ಕೆಂಪು ಶಾಯಿ. "ಚಹಾ ಆರ್ತೈತಿ, ಕುಡೀರಿ," ಎಂದರು. "ಸರಕಾರದ ನಕ್ಷಿ ತಿದ್ದಾಕ ನಾವು ನೀವು ಯಾರ್ರಿ?"

ಮರಿಬಸಪ್ಪ ಒಡ್ಡಿನ ಮೇಲೆ, ನಕ್ಷೆಯಲ್ಲಿ ಕೆಂಪು ಗುರುತು ಹಾಕಿದ್ದ ಜಾಗದಲ್ಲಿ ಕುಕ್ಕರಿಸಿ ಬಲಗೈಯಿಂದ ಮಣ್ಣು ಕೆದರತೊಡಗಿದರು. ಸಲಿಕೆ ಕೊಡುವವರಿರಲಿಲ್ಲ. ಬಾಲಂಗೋಚಿ ಹೇಳಿದಷ್ಟು ನೀರು ಹಾಕಿ, ಹೇಳಿದಷ್ಟು ಸಲ ಬಡಿದ ಮಣ್ಣು ಅದು. ಉಗುರಿನ ಸಂದಿಗೆ ಒಂದು ಚೂರು ಬಂತು. ಮಾರೆಣ್ಣ ಬಂದು ರಟ್ಟೆ ಹಿಡಿದು ಎಬ್ಬಿಸಿದ. "ಏಳ್ರಿ ಯಜಮಾನ್ರ. ಚಲೋ ಅಕ್ಷರದ ಕೈಯದು, ಕೆಡಿಸ್ಕೋಬ್ಯಾಡ್ರಿ." ಆಮೇಲೆ ದಕ್ಷಿಣಕ್ಕೆ ನೋಡಿ ಹೇಳಿದ, "ಮ್ಯಾಲೆ ಬಿದ್ದಂಗೈತಿ ಮಳಿ."

ಹಳ್ಳದ ತಲೆಯ ಕಡೆಗೆ, ತೆಕ್ಕಲಕೋಟೆಯ ಆಚೆ, ಆಕಾಶ ಮಸಿ ಚೆಲ್ಲಿದ ಹಾಗಿತ್ತು.

ಮರಿಬಸಪ್ಪ ಹಳ್ಳ ದಾಟಿ ಕೇರಿಗೆ ಓಡಿದರು. ಓಡಿ ಅಭ್ಯಾಸವಿಲ್ಲದ ಮನುಷ್ಯ. ಎರಡು ಸಲ ಬಿದ್ದರು. ನೀರು ಬರ್ತೈತಿ, ರಸ್ತೆಯಾಚೆಯ ಸಾಲಿ ದಿಬ್ಬಕ್ಕೆ ಹೋಗ್ರಿ ಎಂದು ಮನೆಮನೆಗೆ ಹೇಳಿದರು. ಬಟ್ಟೆಯ ಸುರುಳಿ ಹಿಡಿದು ಬೆವರುತ್ತಿದ್ದ ಅಪರಿಚಿತನನ್ನು ನಂಬುವವರು ಯಾರು? "ಎಲ್ಲಿ ಮಳಿ? ಇಲ್ಲಿ ಒಂದು ಹನಿ ಇಲ್ಲ," ಎಂದರು. "ಪ್ರತಿ ವರ್ಸ ಅಂಗಳಕ್ಕ ಬರ್ತೈತಿ, ಹೋಗ್ತೈತಿ."

ಊರಮ್ಮ ಗುಡಿಸಲಿನಿಂದ ಹೊರಬಂದು ಅವರ ಮೊಣಕಾಲಿನ ರಕ್ತ ನೋಡಿದಳು, ಮುಖ ನೋಡಿದಳು. ಸೊಂಟಕ್ಕೆ ಸೆರಗು ಬಿಗಿದು ಕೇರಿಯ ನಡುವೆ ನಿಂತು ಕೂಗಿದಳು: "ಏ, ಹೊರಡ್ರಿ! ಬಳ್ಳಾರಿಯಿಂದ ಈ ಮನಶ್ಯಾ ನಿಮ್ಮ ಮನಿ ಉಪ್ಪಿನಕಾಯಿ ತಿನ್ನಾಕ ಬಂದಿಲ್ಲ!"

ಸಂಜೆಯವರೆಗೆ ಸಾಮಾನು ಹೊತ್ತರು. ಮರಿಬಸಪ್ಪನವರು ಬೀಸುವ ಕಲ್ಲು ಹೊತ್ತರು, ಹೇಂಟೆಗಳ ಬುಟ್ಟಿ ಹೊತ್ತರು, ಎದ್ದು ನಡೆಯಲಾಗದ ಒಬ್ಬ ಮುದುಕಿಯನ್ನು ಹೊತ್ತರು. ಆ ಮುದುಕಿ ದಾರಿಯುದ್ದಕ್ಕೂ ಅವರನ್ನು ಬೈದಳು.

ಮರುದಿನ ಬೆಳಗಾಗುವುದಕ್ಕೂ ಹಳ್ಳ ಬರುವುದಕ್ಕೂ ಸರಿಹೋಯಿತು. ಕೆಂಪು ನೀರು, ಬೇರುಸಮೇತ ಜಾಲಿಗಿಡಗಳು. ಎಲ್ಲರೂ ಸಾಲಿ ದಿಬ್ಬದಿಂದ ನೋಡುತ್ತಿದ್ದರು. ನೀರು ಮೊದಲು ಗೌಡರ ಹೊಲದ ಕಡೆಗೆ ಹೊರಳಿತು, ವರ್ಷಾನುಗಟ್ಟಲೆಯ ರೂಢಿಯಂತೆ. ಅಲ್ಲಿ ಒಡ್ಡು ಅಡ್ಡ ನಿಂತಿತ್ತು. ಬಡಿಯಿತು, ಸುಳಿ ತಿರುಗಿತು, ಹಿಂದಕ್ಕೆ ಸರಿದು ಈ ಕಡೆಗೆ ತಿರುಗಿತು. ಒಡ್ಡು ಒಂದು ಅಂಗುಲ ಕದಲಲಿಲ್ಲ. ಅಷ್ಟು ಸರಿಯಾಗಿತ್ತು ಬಾಲಂಗೋಚಿಯ ಲೆಕ್ಕ. ಮರಿಬಸಪ್ಪ ಅದು ಒಡೆಯಲಿ ಎಂದು ಬಾಯಿಬಿಟ್ಟು ಬೇಡಿಕೊಂಡರು. ತಾವೇ ಬರೆದದ್ದು ಒಡೆಯಲಿ ಎಂದು. ಒಡೆಯಲಿಲ್ಲ.

ನಲವತ್ತಮೂರು ಮನೆಗಳು ಒಂದೊಂದಾಗಿ ಕೂತವು. ಸದ್ದು ದೊಡ್ಡದೇನಿರಲಿಲ್ಲ, ಮಣ್ಣಿನ ಗೋಡೆ ನೀರಿನಲ್ಲಿ ಕೂರುವಾಗ ನಿಟ್ಟುಸಿರಿನ ಹಾಗೆ ಸದ್ದು ಬರುತ್ತದೆ. ಎಂಟೂವರೆಯ ಹೊತ್ತಿಗೆ ಹುಣಸೆಮರ ಮಾತ್ರ ಉಳಿದಿತ್ತು.

ಯಾರೋ ಗೌಡನ ವಂಶವನ್ನು ಶಪಿಸತೊಡಗಿದರು. ಇನ್ನೊಬ್ಬರು ಸೇರಿದರು. ಮರಿಬಸಪ್ಪನವರಿಗೆ ಸುಮ್ಮನಿರಲು ಆಗಲಿಲ್ಲ. ಊರಮ್ಮನ ಹತ್ತಿರ ಹೋಗಿ ಕುಳಿತರು.

"ಗೌಡ್ರು ಮಾಡಿದ್ದಲ್ಲವ್ವ ಇದು. ನಾನು ಮಾಡಿದ್ದು. ವೆಂಕಣ್ಣ ಸರಿ ಬರದಿದ್ದ. ನಾನು ಹಾಳಿ ಮಗುಚಲಿಲ್ಲ."

ಊರಮ್ಮ ಅವರ ಕಡೆ ತಿರುಗಿದಳು.

"ಹಾಳಿ ಮಗುಚಲಿಲ್ಲ," ಎಂದಳು.

"ಹೂಂ."

"ಬೇಕಂತ?"

"ಇಲ್ಲವ್ವ. ಮರತೆ."

"ಗೌಡ ಮಾಡಿದ್ದಿದ್ರ ಚಲೋ ಇತ್ತು," ಎಂದಳು ಊರಮ್ಮ. "ಅವನಿಗೆ ಬೈಯಾಕ ನಮ್ಮ ಹತ್ರ ಮಾತು ಅದಾವು, ಅಜ್ಜನ ಕಾಲದಿಂದ. ನಿನಗ ಏನಂತ ಬೈಯ್ಲಿ ನಾನು?"

ಸಣ್ಣಗೆ ಹನಿ ಶುರುವಾಯಿತು. ದಿಬ್ಬದ ಮೇಲಿನ ಶಾಲೆಯ ಜಗುಲಿ ತುಂಬಿಹೋಗಿತ್ತು. ಊರಮ್ಮನ ಜೋಳದ ಹಿಟ್ಟಿನ ಡಬ್ಬಿ ಬಯಲಲ್ಲೇ ಇತ್ತು, ಮುಚ್ಚಳ ಹಳ್ಳದ ಪಾಲಾಗಿತ್ತು. ಆಕೆ ಸುತ್ತಮುತ್ತ ನೋಡಿ ಅವರ ಬಗಲಿನ ಸುರುಳಿಗೆ ಕೈ ಚಾಚಿದಳು.

"ಅದರಿಂದ ಏನಾರ ಉಪಯೋಗ ಐತೇನು ಇನ್ನ?"

ಮರಿಬಸಪ್ಪ ಬಟ್ಟೆಯನ್ನು ಕೊಟ್ಟರು. ನೀರು ಬಿದ್ದರೆ ಅದರ ಗಂಜಿ ಕರಗುತ್ತದೆ, ಶಾಯಿ ಹರಡುತ್ತದೆ, ಬರೀ ನೂಲಿನ ಬಟ್ಟೆ ಉಳಿಯುತ್ತದೆ ಎಂದು ಅವರಿಗೆ ಗೊತ್ತಿತ್ತು. ಊರಮ್ಮ ಅದನ್ನು ನಾಲ್ಕು ಮಡಿಕೆ ಮಾಡಿ ಡಬ್ಬಿಯ ಬಾಯಿಗೆ ಕಟ್ಟಿದಳು. ಮೇಲ್ಮಡಿಕೆಯಲ್ಲಿ ಹುಣಸೆಮರ ಇತ್ತು, ಅದರ ಸುತ್ತ ಒಂದೊಂದಾಗಿ ಬರೆದ ಮನೆಗಳಿದ್ದವು. ಮೊದಲ ಹನಿಗೆ ಅವು ಕದಡಿದವು.

ಒಂಬತ್ತರ ಸುಮಾರಿಗೆ ಅವರು ರಸ್ತೆಗೆ ಬಂದು ಬಳ್ಳಾರಿ ಬಸ್ಸಿಗೆ ನಿಂತರು. ಹತ್ತೂವರೆಗೆ ಕಚೇರಿ ಸೇರಿ ಕಂಪ್ಯೂಟರ್ ಕೋಣೆಯ ಬಾಗಿಲಲ್ಲಿ ನಿಂತು ಹೇಳಬೇಕಾದದ್ದನ್ನು ದಾರಿಯುದ್ದಕ್ಕೂ ಮನಸ್ಸಿನಲ್ಲಿ ಜೋಡಿಸಿಕೊಂಡರು. ಹೋದಾಗ ಚಿದಾನಂದಪ್ಪನವರು ಕೊನೆಗೂ ಆ ಸೋಮವಾರದ ಪತ್ರದ ಒಕ್ಕಣೆಯನ್ನು ಟೈಪಿಸ್ಟನಿಗೆ ಹೇಳುತ್ತಿದ್ದರು. ಮರಿಬಸಪ್ಪನವರ ಮೈಮೇಲಿನ ಕೆಸರು ನೋಡಿ ನಿಲ್ಲಿಸಿದರು. ನೋಡುತ್ತ ನೋಡುತ್ತ ಅವರ ಮುಖ ಇಳಿಯಿತು. ಹಳ್ಳ ಬಂದು ಹೋಗಿದೆಯೆಂದು ಅವರಿಗೆ ತಿಳಿಯಿತು. ಟೈಪಿಸ್ಟ್ ಮಾತ್ರ, ಅರ್ಧ ಬರೆದ ಹಾಳೆಯನ್ನು ಯಂತ್ರದಿಂದ ತೆಗೆಯಬೇಕೋ ಬೇಡವೋ ತಿಳಿಯದೆ, ಇಬ್ಬರ ಮುಖವನ್ನೂ ನೋಡುತ್ತ ಕೂತಿದ್ದ.